ಕಾಗೆ ಮುಟ್ಟದ ಎಡೆ

29 ಆಗಸ್ಟ್ 2025, ಶುಕ್ರವಾರ

ಇಂದು ನಮ್ಮ ಪತ್ರಿಕೆಯ ಸಿನಿಮಾ ಪುಟಕ್ಕೆ ನ್ಯೂಸ್ ಏಜೆನ್ಸಿಯಿಂದ ಒಂದು ಸುದ್ದಿ ಬಂತು. ಜಪಾನಿನ ಹಿರಿಯ ನಟ ತಮೊತ್ಸು ಶಿರಗಾಕಿ, ವಯಸ್ಸು ಎಂಬತ್ತೇಳು. ಚಿತ್ರರಂಗಕ್ಕೆ ಬಂದು ಅರವತ್ತೆಂಟು ವರ್ಷವಾದದ್ದಕ್ಕೆ ಅಲ್ಲಿ ಸನ್ಮಾನ. ಜೊತೆಗೆ ಎರಡು ಫೋಟೋ, ಒಂದು ಈಗಿನದು, ಒಂದು 1972ರದು.

1972ರ ಫೋಟೋ ತೆರೆದೆ. ಅದು ಅಪ್ಪ.

ಹೀಗೆ ಬರೆದರೆ ಸರಿಯಲ್ಲ. ತಿದ್ದಿ ಬರೆಯುತ್ತೇನೆ. ಬಟವಾಡಿಯ ನಮ್ಮ ಮನೆಯ ನಡುಮನೆಯಲ್ಲಿ, ಹಾರ ಹಾಕಿರುವ ಅಪ್ಪನ ಫೋಟೋದಲ್ಲಿ ಯಾವ ಮುಖವಿದೆಯೋ ಅದೇ ಮುಖ ಈ ಫೋಟೋದಲ್ಲೂ ಇದೆ. ಸ್ವಲ್ಪ ಬಲಕ್ಕೆ ತಿರುಗಿದ ತಲೆ. ಎಡ ಹುಬ್ಬಿನ ತುದಿಯಲ್ಲಿ ಹಳೆಯ ಗಾಯದ ಗೆರೆ. ಬಲಗಡೆಗೆ ತೆಗೆದ ಬೈತಲೆ.

ಅಪ್ಪ ಗಂಗಹನುಮಯ್ಯ ಲಾರಿ ಡ್ರೈವರ್ ಆಗಿದ್ದರು. ನನಗೆ ಐದು ವರ್ಷವಿದ್ದಾಗ ಎಲ್ಲೋ ಘಟ್ಟದಲ್ಲಿ ಲಾರಿ ಉರುಳಿ ಹೋದರು. ಅಲ್ಲಿಯವರೇ ಮಣ್ಣು ಮಾಡಿದರಂತೆ. ನನಗೆ ನೆನಪಿರುವ ಅಪ್ಪನ ಮುಖ ಎಂದರೆ ಫೋಟೋದ ಮುಖವೇ. ಹೈಸ್ಕೂಲಿನಲ್ಲಿ ಬಲಗಡೆ ಬೈತಲೆ ತೆಗೆಯಲು ಕಲಿತದ್ದೂ ಅದನ್ನು ನೋಡಿಯೇ.

ಸುದ್ದಿಯನ್ನು ನಾಲ್ಕು ಸಾಲಿಗೆ ಇಳಿಸಿ ಹಾಕಿದೆ. ಫೋಟೋಕ್ಕೆ ಜಾಗವಿಲ್ಲ ಎಂದು ಸಂಪಾದಕ ಗುರುಪ್ರಕಾಶ್‌ಗೆ ಹೇಳಿದೆ. ಜಾಗ ಇತ್ತು.

30 ಆಗಸ್ಟ್, ಶನಿವಾರ

ಗೋಡೆಯ ಮೇಲಿನ ಅಪ್ಪನ ಫೋಟೋ ಇಳಿಸಿ, ಬೆಳಕಿನಲ್ಲಿಟ್ಟು, ಪ್ರೂಫ್ ನೋಡುವ ಭೂತಗನ್ನಡಿಯಿಂದ ನೋಡಿದೆ. ಮೀಸೆ ಕುಂಚದಲ್ಲಿ ಬರೆದದ್ದು. ರೆಪ್ಪೆಗಳ ಮೇಲೆ ಕಪ್ಪು ಶಾಯಿಯಿಂದ ಕಣ್ಣು ಅಗಲ ಮಾಡಿದ್ದಾರೆ. ಹಣೆಯ ಕುಂಕುಮ ಆಮೇಲೆ ಇಟ್ಟದ್ದು. ಇವನ್ನೆಲ್ಲ ಕಳೆದರೆ ಉಳಿಯುವುದು ಶಿರಗಾಕಿ. ಟೈಯ ಪಟ್ಟೆಗಳೂ ಲೆಕ್ಕಕ್ಕೆ ಸರಿಯಾಗಿ ಕೂಡುತ್ತವೆ.

ಹೆಂಡತಿ ಗಂಗಲಕ್ಷ್ಮಿಗೆ ತೋರಿಸಿದೆ.

"ಮಾವನೋರು ಲಾರಿ ಓಡಿಸ್ತಿದ್ರು ಅಂತೀರಾ, ಟೈ ಕಟ್ಕೊಂಡು ಯಾವ ಲಾರಿ ಓಡಿಸ್ತಿದ್ರು ಅಂತ ನಾನು ಮದುವೆಯಾದ ವರ್ಷಾನೇ ಕೇಳಿದ್ದೆ" ಅಂದಳು. "ಸ್ಟುಡಿಯೋದೋರು ಹಾಕಿರೋದು ಅಂದ್ರಿ. ಇಷ್ಟು ಬೆಳ್ಳಗಿದ್ರಾ ಅಂದೆ. ಲೈಟ್ ಜಾಸ್ತಿ ಬಿದ್ದೈತೆ ಅಂದ್ರಿ."

ಅವ್ವನಿಗೆ ಹೇಳಬೇಡ ಎಂದೆ. ಅವ್ವನಿಗೆ ಎಂಬತ್ತೆರಡು. ಇನ್ನು ಮೂರು ವಾರಕ್ಕೆ ಮಹಾಲಯ ಅಮಾವಾಸ್ಯೆ, ಹಿರಿಯರ ಹಬ್ಬ. ಆ ಫೋಟೋದ ಮುಂದೆ ಎಡೆ ಇಡುವ ದಿನ. ಐವತ್ತೆರಡು ವರ್ಷದಿಂದ ಇಡುತ್ತಿದ್ದೇವೆ. ಮಾಳಿಗೆಯ ಮೇಲೆ ಇಟ್ಟ ಪಾಲನ್ನು ಇದುವರೆಗೆ ಒಂದು ಸಲವೂ ಕಾಗೆ ಮುಟ್ಟಿಲ್ಲ. ಪಕ್ಕದ ಮನೆಯ ಎಡೆ ತಿಂದು, ನಮ್ಮದರ ಸುತ್ತ ನಡೆದು, ಹಾರಿಹೋಗುತ್ತವೆ. "ನಿಮ್ಮಪ್ಪ ಮುನಿಸ್ಕೊಂಡವ್ನೆ" ಎಂದು ಅವ್ವ ಪ್ರತಿ ವರ್ಷ ಅದನ್ನು ಎತ್ತಿ ಹಸುವಿಗೆ ಹಾಕುತ್ತಾರೆ.

31 ಆಗಸ್ಟ್, ಭಾನುವಾರ

ಗುಬ್ಬಿಗೆ ಹೋಗಿದ್ದೆ. ಅಪ್ಪ ಹೋದ ಮೇಲೆ ಅವ್ವ ನನ್ನನ್ನು ಕರೆದುಕೊಂಡು ಗುಬ್ಬಿಯ ತವರಿಗೆ ಬಂದಿದ್ದರು. ಫೋಟೋದ ಹಿಂದಿನ ರಟ್ಟಿನ ಮೇಲೆ ಅಲ್ಲಿನ ಒಂದು ಸ್ಟುಡಿಯೋದ ಮುದ್ರೆ ಇದೆ. ಸ್ಟುಡಿಯೋ ಈಗಿಲ್ಲ. ಮಾಲೀಕ ಅಂಜನಮೂರ್ತಿ ಇದ್ದಾರೆ, ಎಂಬತ್ತೈದು ದಾಟಿದೆ, ಮಗನ ಮೊಬೈಲ್ ಅಂಗಡಿಯಲ್ಲಿ ಕುರ್ಚಿ ಹಾಕಿಕೊಂಡು ಕೂತಿರುತ್ತಾರೆ. ಬಿದರೆಹಳ್ಳಿ ಕಾವಲ್‌ನ ಕಾರ್ಖಾನೆಯ ಕಡೆಯಿಂದ ಹೆಲಿಕಾಪ್ಟರ್ ಒಂದು ಹಾದುಹೋಯಿತು. ಸದ್ದು ನಿಲ್ಲುವವರೆಗೆ ಕಾದು, ಫೋಟೋ ನೋಡಿ ನಕ್ಕರು.

"ಸತ್ತೋರ ಫೋಟೋ ಇಲ್ದೋರು ತಿಂಗ್ಳಿಗೆ ಇಬ್ರು ಮೂವರು ಬರೋರು ಕಣಪ್ಪ. ಮೂಗು ಹೆಂಗಿತ್ತು, ಗಲ್ಲ ಹೆಂಗಿತ್ತು ಅಂತ ಕೇಳಿ ಬರ್ಕೊಡ್ತಿದ್ದೆ. ಜಪಾನಿನ ಫೋಟೋ ಪೇಪರ್ ಕಂಪನೀದು ಒಂದು ಸ್ಯಾಂಪಲ್ ಆಲ್ಬಂ ಇತ್ತು, ಮದ್ರಾಸಿನ ಏಜೆಂಟು ಕೊಟ್ಟಿದ್ದ. ಪೇಪರ್ ಮ್ಯಾಲೆ ಕಪ್ಪು ಬಿಳುಪು ಹೆಂಗ್ ಮೂಡ್ತದೆ ಅಂತ ತೋರ್ಸಕ್ಕೆ ಹದಿನೈದು ಮುಖ. ಅದನ್ನೇ ಮುಂದಿಡ್ತಿದ್ದೆ. ಮೂಗು ಇದ್ರಲ್ಲಿ ತಗೊಳ್ಳಿ, ಕಿವಿ ಇದ್ರಲ್ಲಿ ತಗೊಳ್ಳಿ ಅಂತ ಎಲ್ರೂ ಆರಿಸೋರು."

"ನಮ್ಮವ್ವ?"

"ನಿಮ್ಮವ್ವ ಹತ್ತು ಪುಟ ತಿರುವಿ ಹಾಕಿ, ಒಂದ್ರ ಮ್ಯಾಲೆ ಬೆರಳಿಟ್ರು. ಇದೇ ಇರ್ಲಿ ಬುಡಿ ಅಂದ್ರು. ಪೂರ್ತಿನಾ ಅಂದೆ. ಪೂರ್ತಿ ಅಂದ್ರು."

ತಪ್ಪು ಅನ್ನಿಸಲಿಲ್ಲವೇ ಎಂದು ಕೇಳಿದೆ.

"ಆವಯ್ಯ ಜಪಾನಲ್ಲಿದ್ದ. ಬಂದು ನನ್ ಮುಖ ಕೊಡಿ ಅಂತ ಕೇಳ್ತಾನಾ?"

4 ಸೆಪ್ಟೆಂಬರ್, ಗುರುವಾರ

ಎಂಬತ್ತೇಳು ವಯಸ್ಸಿನವರ ಬಗ್ಗೆ ಮುಂಚಿತವಾಗಿ ಒಂದು ನಿಧನ ಲೇಖನ ಬರೆದಿಡುವುದು ನಮ್ಮ ಕಚೇರಿಯ ಪದ್ಧತಿ. ಶಿರಗಾಕಿಯದನ್ನು ಬರೆದಿಡಲು ಯಾರೂ ಹೇಳಿಲ್ಲ. ನಾನೇ ಶುರು ಮಾಡಿದೆ. ಜಪಾನಿ ಬರಹಗಳನ್ನು ಫೋನಿನಲ್ಲಿ ಅನುವಾದಿಸಿ ಓದುತ್ತಿದ್ದೇನೆ. ಅನುವಾದ ಒರಟು. ಎರಡು ಕಡೆ ಸಿಕ್ಕಿದ್ದನ್ನು ಮಾತ್ರ ಬರೆಯುತ್ತೇನೆ.

ಜನನ 1938, ಪಶ್ಚಿಮ ಕರಾವಳಿಯ ಒಂದು ಸಣ್ಣ ಬಂದರಿನಲ್ಲಿ. ತಂದೆ ದೋಣಿ ಕಟ್ಟುವ ಬಡಗಿ. 1957ರಲ್ಲಿ ಒಂದು ಸ್ಟುಡಿಯೋದಲ್ಲಿ ಗುಂಪಿನ ಪಾತ್ರಗಳಿಗೆ ಸೇರಿದ. ನಾಲ್ಕು ವರ್ಷ ಪಲ್ಲಕ್ಕಿ ಹೊತ್ತ, ಕತ್ತಿ ಏಟಿಗೆ ಬಿದ್ದ, ಹೆಣವಾಗಿ ಮಲಗಿದ. 1961ರಲ್ಲಿ ಮೊದಲ ಮಾತು ಸಿಕ್ಕಿತು: "ಬಾಗಿಲು ತೆಗೆಯಿರಿ." 1971ರಲ್ಲಿ ಸ್ಟುಡಿಯೋ ಮುಚ್ಚಿತು. ಎರಡು ವರ್ಷ ಕೆಲಸವಿರಲಿಲ್ಲ. ಆಗ ಜಾಹೀರಾತಿಗೆ ಮುಖ ಕೊಟ್ಟ. ನಮ್ಮ ಫೋಟೋ ಆ ಕಾಲದ್ದು.

1973ರ ಕೊನೆಯಿಂದ ಒಮ್ಮೆಲೇ ಕೆಲಸ ಬರತೊಡಗಿತು. ಮತ್ತೆ ನಿಂತಿಲ್ಲ. ಒಟ್ಟು 168 ಚಿತ್ರ. ನಾಯಕ ಪಾತ್ರ ಒಂದೂ ಇಲ್ಲ. ಹೆಚ್ಚಿನವು ಮನೆಯ ಹಿರಿಯನ ಪಾತ್ರಗಳು. ಮೂವತ್ತೈದನೇ ವಯಸ್ಸಿಗೇ ತಂದೆಯ ಪಾತ್ರ.

ಹೆಂಡತಿ ತೀರಿಕೊಂಡಿದ್ದಾಳೆ. ಒಬ್ಬಳು ಮಗಳು. ಗಂಡುಮಕ್ಕಳಿಲ್ಲ.

ನಾವು ಮೊದಲ ಎಡೆ ಇಟ್ಟದ್ದು 1973ರ ಮಹಾಲಯಕ್ಕೆ. ಇದನ್ನು ಲೇಖನದಲ್ಲಿ ಸೇರಿಸುವಂತಿಲ್ಲ, ಇಲ್ಲಿ ಬರೆದಿಟ್ಟಿದ್ದೇನೆ.

8 ಸೆಪ್ಟೆಂಬರ್, ಸೋಮವಾರ

1977ರ ಚಿತ್ರವೊಂದರ ತುಣುಕು ಸಿಕ್ಕಿತು. ಸತ್ತ ತಂದೆ ಮನೆಗೆ ಬಂದು, ಯಾರ ಕಣ್ಣಿಗೂ ಕಾಣದೆ, ಊಟದ ಮಣೆಯ ಮುಂದೆ ಕೂರುತ್ತಾನೆ. ಉಳಿದವರೆಲ್ಲ ಕಡ್ಡಿಗಳಿಂದ ತಿನ್ನುತ್ತಿರುತ್ತಾರೆ. ಶಿರಗಾಕಿ ಕಡ್ಡಿ ಮುಟ್ಟುವುದಿಲ್ಲ. ಬಲಗೈಯಲ್ಲಿ ಅನ್ನವನ್ನು ಹಿಸುಕಿ ಉಂಡೆ ಮಾಡುತ್ತಾರೆ. ಸಾರಿನಲ್ಲಿ ಅದ್ದುತ್ತಾರೆ. ಬಾಯಿಗಿಟ್ಟು, ಹಲ್ಲಾಡಿಸದೆ, ಹಾಗೇ ನುಂಗುತ್ತಾರೆ.

ಹನ್ನೊಂದು ಸಲ ನೋಡಿದೆ. ಗಂಟಲಮಣಿ ಏರಿ ಇಳಿಯುತ್ತದೆ. ಅಗಿಯುವುದಿಲ್ಲ. ರಾಗಿ ಮುದ್ದೆ ನುಂಗುವವರಲ್ಲದೆ ಬೇರೆಯವರು ಹೀಗೆ ನುಂಗುವುದನ್ನು ನಾನು ನೋಡಿಲ್ಲ.

ಆ ದೃಶ್ಯದ ಬಗ್ಗೆ 1998ರ ಸಂದರ್ಶನವೊಂದರಲ್ಲಿ ಹೇಳಿದ್ದಾರೆ: "ಸತ್ತವರು ಹೇಗೆ ಊಟ ಮಾಡುತ್ತಾರೆಂದು ನಿರ್ದೇಶಕರಿಗೆ ಗೊತ್ತಿರಲಿಲ್ಲ. ನನಗೆ ಗೊತ್ತಿತ್ತು." ಅದೇ ಸಂದರ್ಶನದಲ್ಲಿ ಇನ್ನೊಂದು ಮಾತಿದೆ. ಪ್ರತಿ ವರ್ಷ ಚಳಿಗೆ ಮುಂಚೆ ಒಂದು ದಿನ ತಮಗೆ ಹಸಿವೇ ಆಗುವುದಿಲ್ಲವಂತೆ. ಬೆಳಿಗ್ಗೆಯಿಂದ ಏನೂ ತಿನ್ನದಿದ್ದರೂ ಹೊಟ್ಟೆ ತುಂಬಿರುತ್ತದೆ, ನಾಲಿಗೆ ಖಾರ. ಅವರು ಮದ್ಯ ಮುಟ್ಟುವವರಲ್ಲ. ಆದರೂ 1984ರಲ್ಲಿ ಒಂದು ಸೆಪ್ಟೆಂಬರ್ ದಿನ ಸೆಟ್ಟಿಗೆ ಕುಡಿದು ಬಂದರೆಂದು ಪತ್ರಿಕೆಯೊಂದು ಬರೆದಿತ್ತು. "ಆ ದಿನ ನನಗೆ ನೀರು ಕುಡಿದರೂ ಅಮಲು" ಎಂದು ನಕ್ಕಿದ್ದಾರೆ.

ಎಡೆಯ ಜೊತೆ ನಾವು ಒಂದು ಕ್ವಾರ್ಟರ್ ಬ್ರಾಂದಿ ಇಡುತ್ತೇವೆ. ಅನುವಾದದಲ್ಲಿ ತಪ್ಪಿರಬಹುದು.

11 ಸೆಪ್ಟೆಂಬರ್, ಗುರುವಾರ

1991ರ ಅಕ್ಟೋಬರಿನಲ್ಲಿ ಶಿರಗಾಕಿ ಚಿತ್ರೀಕರಣದ ವೇಳೆ ಕುದುರೆಯಿಂದ ಬಿದ್ದರು. ನಲವತ್ತಮೂರು ದಿನ ಪ್ರಜ್ಞೆ ಇರಲಿಲ್ಲ. ಬದುಕುವುದಿಲ್ಲ ಎಂದೇ ಎಲ್ಲರೂ ತಿಳಿದಿದ್ದರು.

1991ರಲ್ಲಿ ನಾವು ಎಡೆ ಇಡಲಿಲ್ಲ. ನೆನಪಿದೆ, ನಾನು ಪತ್ರಿಕೆಗೆ ಸೇರಿದ ಮರುವರ್ಷ. ಗುಬ್ಬಿಯ ದೊಡ್ಡಮಾವ ಅದೇ ವಾರ ಹೋಗಿದ್ದರು, ಸೂತಕವಿತ್ತು.

ಒಂದು ಘಟನೆಯಿಂದ ಏನೂ ಸಾಬೀತಾಗುವುದಿಲ್ಲ. ಎರಡಿದ್ದರೆ ಯೋಚಿಸಬಹುದು.

13 ಸೆಪ್ಟೆಂಬರ್, ಶನಿವಾರ

ಅವ್ವನಿಗೆ ಹೇಳಿದೆ. ಪಡಸಾಲೆಯಲ್ಲಿ ಮೊರ ಇಟ್ಟುಕೊಂಡು ಹುರುಳಿಕಾಳು ಆರಿಸುತ್ತಿದ್ದರು.

"ಅವ್ವ, ಆ ಫೋಟೋ ಅಪ್ಪಂದಲ್ಲ."

"ಗೊತ್ತು ಬುಡು."

"ಅದ್ರಲ್ಲಿರೋರು ಇನ್ನೂ ಬದುಕವ್ರೆ."

ಅವ್ವನ ಕೈ ನಿಂತಿತು. "ಎಲ್ಲಿ?"

"ಜಪಾನಲ್ಲಿ. ಸಿನಿಮಾದೋರು."

"ಚೆನ್ನಾಗವ್ರಾ?"

"ಎಂಬತ್ತೇಳಂತೆ. ಓಡಾಡ್ಕೊಂಡವ್ರೆ."

"ಸದ್ಯ" ಎಂದು ಮತ್ತೆ ಕಲ್ಲು ಆರಿಸತೊಡಗಿದರು.

ಯಾಕೆ ಹೀಗೆ ಮಾಡಿದೆ ಎಂದು ಕೇಳಿದೆ. ತಲೆ ಎತ್ತದೆ ಹೇಳಿದರು. ಅವರು ಹೇಳಿದ್ದನ್ನು ಹೇಳಿದಂತೆಯೇ ಬರೆಯುತ್ತೇನೆ.

"ನಿಮ್ಮಪ್ಪ ತಟ್ಟೆ ಒದೀತಿದ್ದ ಕಣೋ. ಉಪ್ಪು ಕಮ್ಮಿ ಆದ್ರೂ ಒದ್ದ, ಜಾಸ್ತಿ ಆದ್ರೂ ಒದ್ದ, ಸರಿಗಿದ್ರೂ ಒದ್ದ. ಮುದ್ದೆ ಹೋಗಿ ಗೋಡೆಗೆ ಅಂಟ್ಕೊಳ್ಳೋದು. ಅದನ್ನ ಕೆರ್ಕೊಂಡು ತಿಂತಿದ್ದೆ, ನೀನು ಹೊಟ್ಟೇಲಿದ್ದೆ. ಸತ್ತ ಮ್ಯಾಕೆ ಎಡೆ ಇಕ್ಲೇಬೇಕು ಅಂತ ನಮ್ಮಣ್ಣಂದಿರು ಕುಂತ್ರು. ವರ್ಷಕ್ಕೊಂದಪ ಅವನ್ನ ಕರ್ದು ಕುಂಡ್ರಿಸಿ ಇಕ್ಕು ಅಂದ್ರೆ ನನ್ ಕೈಲಾಗಲಿಲ್ಲ. ಸ್ಟುಡಿಯೋದಾಗೆ ಈ ಮುಖ ನೋಡ್ದೆ. ನೀನೇ ನೋಡು. ತಟ್ಟೆ ಒದೆಯೋ ಮುಖವಾ ಇದು?"

"ಬದುಕಿರೋರಿಗೆ ಎಡೆ ಇಡಬಾರ್ದು ಅವ್ವ."

"ಅನ್ನ ಇಕ್ಕಿದ್ರೆ ಯಾರೂ ಸಾಯಲ್ಲ."

"ಐವತ್ತೆರಡು ವರ್ಷದಿಂದ ಅಪ್ಪಂಗೆ ಏನೂ ಸಿಕ್ಕಿಲ್ಲ."

"ಸಿಕ್ಬಾರ್ದು ಅಂತ್ಲೇ ಮಾಡಿದ್ದು."

ತಪ್ಪೆಂದು ಗೊತ್ತಾದ ಮೇಲೆ ತಿದ್ದಬೇಕು ಎಂದೆ. ಮೂವತ್ತೈದು ವರ್ಷದಿಂದ ನಮ್ಮ ಪತ್ರಿಕೆಯ ಎರಡನೇ ಪುಟದ ತಿದ್ದುಪಡಿಗಳನ್ನು ಬರೆಯುತ್ತಿರುವವನು ನಾನು. ಊರಿನ ಹೆಸರಿನಲ್ಲಿ ಒಂದಕ್ಷರ ತಪ್ಪಿದರೂ ತಿದ್ದಿದ್ದೇನೆ. ನಮ್ಮ ಮನೆಯ ಗೋಡೆಯ ಮೇಲೆ ಇಷ್ಟು ದೊಡ್ಡ ತಪ್ಪು ಇಟ್ಟುಕೊಂಡು ಸುಮ್ಮನಿರುವುದು ಹೇಗೆ? ಈ ಸಲ ಎಡೆಯನ್ನು ಅಪ್ಪನ ಹೆಸರಿನಲ್ಲೇ ಇಡುತ್ತೇನೆ ಎಂದೆ.

"ಕರೆದ್ರೆ ಬರ್ತಾನೆ" ಅಂದರು ಅವ್ವ. "ಬಂದೋನ್ನ ಕಳ್ಸೋದು ಹೆಂಗೆ ಅಂತ ಗೊತ್ತಾ ನಿಂಗೆ?"

14 ಸೆಪ್ಟೆಂಬರ್, ಭಾನುವಾರ

ಕುಣಿಗಲ್‌ಗೆ ಹೋಗಿದ್ದೆ. ಅಪ್ಪನ ಊರು ಯಡಿಯೂರಿನ ಹತ್ತಿರ. ಅಪ್ಪನ ತಮ್ಮ ಅಡವಿಯಪ್ಪ ಈಗ ಕುಣಿಗಲ್ ಪೇಟೆಯಲ್ಲಿ ಮಗಳ ಮನೆಯಲ್ಲಿದ್ದಾರೆ. ಅವ್ವ ಆ ಕಡೆಯವರನ್ನು ಮನೆಗೆ ಸೇರಿಸಿದವರಲ್ಲ. ನಾನು ಕೊನೆಯ ಸಲ ಅವರನ್ನು ನೋಡಿದ್ದು ಏಳೆಂಟು ವರ್ಷದ ಹುಡುಗನಾಗಿದ್ದಾಗ.

ಕನ್ನಡಕ ಹಾಕಿಕೊಂಡು ಬಹಳ ಹೊತ್ತು ನೋಡಿದರು.

"ಏನ್ಲಾ, ನೀನು ಗಂಗಣ್ಣನ ಮಗನೇನ್ಲಾ? ಚಿಕ್ಕೋನಿದ್ದಾಗ ಅವನ ಪಡಿಯಚ್ಚು ಆಗಿದ್ದೆ. ಈಗ ಯಾರ ಥರಾನೋ ಆಗಿದೀಯ."

ವಯಸ್ಸಾದ ಮೇಲೆ ಮುಖ ಬದಲಾಗುತ್ತದೆ ಚಿಕ್ಕಪ್ಪ ಎಂದೆ.

ಅಪ್ಪನದು ಏನಾದರೂ ಉಳಿದಿದೆಯೇ ಎಂದು ಕೇಳಿದೆ. ಟ್ರಂಕಿನಿಂದ ಒಂದು ಕೆಂಪು ಟವೆಲ್ ತೆಗೆದುಕೊಟ್ಟರು. ಲಾರಿಯಲ್ಲಿ ಸಿಕ್ಕಿದ್ದಂತೆ. ಡೀಸೆಲ್ ವಾಸನೆ ಇನ್ನೂ ಇದೆ. ಅಷ್ಟು ವರ್ಷ ವಾಸನೆ ಉಳಿಯುವುದಿಲ್ಲ. ಟ್ರಂಕಿನಲ್ಲಿ ಬೇರೇನೋ ಇದ್ದಿರಬೇಕು.

"ನೀವು ಎಡೆ ಇಡ್ತಿರಲಿಲ್ವಾ?" ಎಂದೆ.

"ಗಂಡುಮಗ ನೀನಿದೀಯಲ್ಲ, ನೀವು ಇಕ್ತಿರ್ತೀರ ಅಂತ ನಾವು ಇಕ್ಕಲಿಲ್ಲ." ಟ್ರಂಕು ಮುಚ್ಚುತ್ತಾ ಹೇಳಿದರು, "ಬಾಳ ಹಸಿವಿನ ಮನ್ಸ ಕಣ್ಲಾ ನಿಮ್ಮಪ್ಪ. ಹಸಿವು ತಡೀತಿರಲಿಲ್ಲ."

ಬಸ್ಸಿನಲ್ಲಿ ಟವೆಲನ್ನು ಪ್ಲಾಸ್ಟಿಕ್ ಚೀಲದಲ್ಲಿ ಕಾಲ ಹತ್ತಿರ ಇಟ್ಟುಕೊಂಡಿದ್ದೆ. ಪಕ್ಕದಲ್ಲಿ ಕೂತಿದ್ದವರು ಎದ್ದು ಬೇರೆ ಸೀಟಿಗೆ ಹೋದರು.

20 ಸೆಪ್ಟೆಂಬರ್, ಶನಿವಾರ

ಫೋಟೋ ಇಳಿಸಿದೆ. ಗೋಡೆಯ ಮೇಲೆ ಬಿಳಿ ಚೌಕ ಉಳಿದಿದೆ. ಅವರನ್ನು ಬೀರುವಿನಲ್ಲಿ ಮಲಗಿಸಿ, ಮೇಲೊಂದು ಪಂಚೆ ಹೊದಿಸಿದೆ. ಧೂಳು ಬೀಳಬಾರದೆಂದು.

21 ಸೆಪ್ಟೆಂಬರ್, ಭಾನುವಾರ, ಮಹಾಲಯ ಅಮಾವಾಸ್ಯೆ

ಆದದ್ದನ್ನು ಆದ ಕ್ರಮದಲ್ಲಿ ಬರೆಯುತ್ತೇನೆ.

ಅವ್ವ ಅಡುಗೆ ಮಾಡಿದರು. ಬಡಿಸಲು ಬರಲಿಲ್ಲ. ಬಿಳಿ ಚೌಕದ ಕೆಳಗೆ ಮಣೆ ಹಾಕಿ, ಮಣೆಯ ಮೇಲೆ ಕೆಂಪು ಟವೆಲ್ ಇಟ್ಟೆ. ತಂದ ಬಾಳೆ ಎಲೆ ಹರಿದಿತ್ತು. ಗಂಗಲಕ್ಷ್ಮಿ ಸ್ಟೀಲ್ ತಟ್ಟೆಯಲ್ಲಿ ಬಡಿಸಿದಳು: ಮುದ್ದೆ, ಮಾಂಸದ ಸಾರು, ಅನ್ನ, ಒಡೆ, ಕಜ್ಜಾಯ. ಪಕ್ಕದಲ್ಲಿ ಬ್ರಾಂದಿ, ಬೀಡಿ ಕಟ್ಟು. ಧೂಪ ಹಾಕಿ, ಗಂಗಹನುಮಯ್ಯ ಎಂದು ಮೂರು ಸಲ ಹೆಸರು ಹೇಳಿ ಕರೆದೆ. ಹಿರಿಯರು ಉಣ್ಣಲೆಂದು ಬಾಗಿಲು ಮುಂದೆ ಮಾಡಿ ಹೊರಗೆ ಬಂದೆವು. ಆಗ ಮಧ್ಯಾಹ್ನ ಒಂದು ಗಂಟೆ ಐದು ನಿಮಿಷ.

ಒಂದು ಹತ್ತಕ್ಕೆ ಒಳಗಿನಿಂದ ತಟ್ಟೆಯ ಸದ್ದು ಬಂತು. ಬಿದ್ದ ಸದ್ದಲ್ಲ. ಬಿದ್ದರೆ ತಟ್ಟೆ ಇದ್ದಲ್ಲೇ ಗಿರಗಿರ ತಿರುಗಿ ನಿಲ್ಲುತ್ತದೆ. ಇದು ನೆಲದ ಮೇಲೆ ಉದ್ದಕ್ಕೆ ಜಾರಿ, ಗೋಡೆಗೆ ಬಡಿಯಿತು.

ಬಾಗಿಲು ತೆಗೆದೆ. ತಟ್ಟೆ ಬಾಗಿಲ ಬಳಿ ಗೋಡೆಗೆ ಒರಗಿ ನಿಂತಿತ್ತು. ಅನ್ನ ನೆಲದ ಮೇಲೆ. ಮುದ್ದೆ ಮಣೆಯ ಹಿಂದಿನ ಗೋಡೆಯ ಮೇಲೆ, ಬಿಳಿ ಚೌಕದ ನಡುವೆ, ಅಂಟಿಕೊಂಡಿತ್ತು. ಕಿಟಕಿಯ ಅಗುಳಿ ಹಾಕಿತ್ತು. ಬೆಕ್ಕು ಇರಲಿಲ್ಲ. ಬೀರುವಿನ ಹಿಂದೆ, ಮಂಚದ ಕೆಳಗೆ ಎಲ್ಲ ಕಡೆ ನೋಡಿದೆ. ಟವೆಲ್ ಮಣೆಯ ಮೇಲಿರಲಿಲ್ಲ. ಗೂಟದ ಮೇಲೆ ನೇತುಹಾಕಿತ್ತು.

ನಾವಿಬ್ಬರೂ ನಿಂತೇ ಇದ್ದೆವು. ಅವ್ವ ಅಡುಗೆಮನೆಯಿಂದ ಒಂದು ಚಮಚ ಹಿಡಿದು ಬಂದರು. ಯಾರ ಕಡೆಯೂ ನೋಡದೆ ಗೋಡೆಯಿಂದ ಮುದ್ದೆಯನ್ನು ಕೆರೆದು ಅಂಗೈಗೆ ಹಾಕಿಕೊಂಡರು. ಅಭ್ಯಾಸವಿದ್ದ ಕೈ.

ಮಾಳಿಗೆಗೆ ಹೋದೆ. ಅಲ್ಲಿಟ್ಟ ಪಾಲನ್ನು ಕಾಗೆಗಳು ತಿನ್ನುತ್ತಿದ್ದವು. ಹನ್ನೊಂದು ಎಣಿಸಿದೆ. ನಾನು ಹತ್ತಿರ ಹೋದರೂ ಹಾರಲಿಲ್ಲ.

22 ಸೆಪ್ಟೆಂಬರ್, ಸೋಮವಾರ

ಏಜೆನ್ಸಿ ನೋಡಿದೆ. ಶಿರಗಾಕಿಯವರ ಬಗ್ಗೆ ಏನೂ ಇಲ್ಲ.

25 ಸೆಪ್ಟೆಂಬರ್, ಗುರುವಾರ

2003ರ ಸೆಪ್ಟೆಂಬರ್ ಕೊನೆಯ ವಾರ. ಚಿತ್ರೀಕರಣದ ನಡುವೆ ಶಿರಗಾಕಿ ಕುಸಿದರು. ಆಂಬುಲೆನ್ಸಿನಲ್ಲಿ ನಾಲ್ಕು ನಿಮಿಷ ಹೃದಯ ನಿಂತಿತ್ತು. ಎರಡು ಕಡೆ ಸಿಕ್ಕಿದೆ, ಖಚಿತ.

2003ರ ಮಹಾಲಯದ ದಿನ ಅವ್ವನಿಗೆ ಪಿತ್ತಕೋಶದ ಆಪರೇಷನ್. ಮನೆಯವರೆಲ್ಲ ಆಸ್ಪತ್ರೆಯಲ್ಲಿದ್ದೆವು. ಎಡೆ ಇಟ್ಟಿರಲಿಲ್ಲ.

ಎರಡಾಯಿತು.

ಹನ್ನೊಂದನೇ ತಾರೀಖಿನಂದೇ ಹುಡುಕಿದ್ದರೆ ಸಿಗುತ್ತಿತ್ತು. ಹುಡುಕಲಿಲ್ಲ. ಆ ದಿನ ಪುಟ ಬೇಗ ಮುಗಿಸಬೇಕಿತ್ತು.

ರಜೆ ಹೇಳಿ ಮನೆಗೆ ಬಂದು ಫೋಟೋ ಮತ್ತೆ ಹಾಕಿದೆ. ಬಾಳೆ ಎಲೆಯಲ್ಲಿ ಬಡಿಸಿ ಎಡೆ ಇಟ್ಟೆ. ಖಾರ ಕಡಿಮೆ ಮಾಡಲು ಗಂಗಲಕ್ಷ್ಮಿಗೆ ಹೇಳಿದೆ, ಎಂಬತ್ತೇಳು ವಯಸ್ಸಿಗೆ ಒಗ್ಗಬೇಕಲ್ಲ.

"ಅಮಾವಾಸ್ಯೆ ಕಳೆದು ನಾಲ್ಕು ದಿನ ಆಯ್ತು ರೀ" ಅಂದಳು.

"ಹಸಿವಿಗೆ ಅಮಾವಾಸ್ಯೆ ಗೊತ್ತಾಗಲ್ಲ" ಎಂದೆ.

28 ಸೆಪ್ಟೆಂಬರ್, ಭಾನುವಾರ

ದಿನವೂ ಮಧ್ಯಾಹ್ನ ಫೋಟೋದ ಅಪ್ಪನಿಗೆ ಎಡೆ ಇಡುತ್ತಿದ್ದೇನೆ. ಮಾಳಿಗೆಯ ಮೇಲಿನದನ್ನು ಕಾಗೆಗಳು ತಿನ್ನುತ್ತವೆ. ಓಡಿಸಲು ಕೋಲು ಹಿಡಿದು ನಿಂತರೂ ಬರುತ್ತವೆ. ಕಾಗೆ ಮುಟ್ಟದಿದ್ದರೆ ಸಾಕು ಎನ್ನುವಂತಾಗಿದೆ.

ಜಾತಿ ಸಮೀಕ್ಷೆಗೆ ಮೇಷ್ಟ್ರೊಬ್ಬರು ಬಂದಿದ್ದರು, ಹೆಸರು ಕೃಷ್ಣಕುಮಾರ್. ಮನೆಯಲ್ಲಿ ಎಷ್ಟು ಜನ ಎಂದು ಕೇಳಿದರು. ನಾನು ಮೂರು ಎಂದೆ. ಅದೇ ಹೊತ್ತಿಗೆ ಅವ್ವ ನಾಲ್ಕು ಎಂದರು.

"ಅಜ್ಜಿ, ನಾಲ್ಕನೆಯೋರು ಯಾರು?"

"ನಮ್ ಯಜಮಾನ್ರು. ಈಗ ಹೋದ ಭಾನುವಾರ ಬಂದ್ರು."

ಮೇಷ್ಟ್ರು ಒಳಗೆ ಇಣುಕಿ ನೋಡಿ, ಗೂಟದ ಮೇಲಿನ ಟವೆಲ್ ನೋಡಿ, "ಮಲಗಿದ್ರೆ ಎಬ್ಬಿಸ್ಬೇಡಿ, ಆಧಾರ್ ನಂಬರ್ ಹೇಳಿದ್ರೆ ಸಾಕು" ಅಂದರು. ಅವರನ್ನು ಹೊರಗೆ ಕರೆದುಕೊಂಡು ಹೋಗಿ ಮೂರು ಎಂದೇ ಬರೆಸಿದೆ. ಟವೆಲನ್ನು ಎರಡು ಸಲ ಮನೆಯಿಂದ ಆಚೆ ಹಾಕಿದ್ದೇನೆ. ಗಂಗಲಕ್ಷ್ಮಿ ಒಗೆದು ತಂದಿರಬೇಕು. ಕೇಳಿದರೆ ಇಲ್ಲ ಅನ್ನುತ್ತಾಳೆ.

ಅವ್ವ ಈಗ ಊಟಕ್ಕೆ ಕೂರುವುದಿಲ್ಲ. ತಟ್ಟೆಯನ್ನು ಎದೆಗೆ ಒತ್ತಿ ಹಿಡಿದು, ಮೂಲೆಯಲ್ಲಿ ನಿಂತು ಉಣ್ಣುತ್ತಾರೆ. ಕಾಲು ನೋಯುತ್ತೆ ಅಂತಾರೆ, ಆದರೂ ಕೂರುವುದಿಲ್ಲ. ತಟ್ಟೆ ನೆಲಕ್ಕೆ ಇಡುವುದಿಲ್ಲ.

2 ಅಕ್ಟೋಬರ್, ಗುರುವಾರ

ಸುದ್ದಿ ಇಲ್ಲ. ಸುದ್ದಿ ಇಲ್ಲದಿರುವುದು ಒಳ್ಳೆಯ ಸುದ್ದಿ ಎಂದು ನಂಬುವ ಕೆಲಸದಲ್ಲಿ ನಾನಿಲ್ಲ.

ಅವ್ವ ಫೋಟೋದ ಮುಂದೆ ನಿಂತಿದ್ದರು. "ಹೋಗ್ಬುಟ್ರು ಕಣೋ" ಅಂದರು. "ಎಷ್ಟು ಇಕ್ಕಿದ್ರೂ ಇನ್ನು ಅವರಿಗೆ ಸೇರಲ್ಲ. ಬಾಗ್ಲಲ್ಲೇ ಗಂಗಹನುಮಯ್ಯ ಕುಂತವ್ನಲ್ಲ, ಒಳೀಕೆ ಬುಡಲ್ಲ."

6 ಅಕ್ಟೋಬರ್, ಸೋಮವಾರ

ಸಂಜೆ ಏಜೆನ್ಸಿಯಿಂದ ಬಂತು.

ಹಿರಿಯ ನಟ ತಮೊತ್ಸು ಶಿರಗಾಕಿ ಸೆಪ್ಟೆಂಬರ್ 21ರಂದು ಅಲ್ಲಿನ ಸಮಯ ಸಂಜೆ 4.40ಕ್ಕೆ ಸ್ವಗೃಹದಲ್ಲಿ ನಿಧನ. ಅಂತ್ಯಕ್ರಿಯೆಯನ್ನು ಮನೆಯವರಷ್ಟೇ ಸೇರಿ ಮುಗಿಸಿ, ಎರಡು ವಾರದ ಬಳಿಕ ತಿಳಿಸಿದ್ದಾರೆ. ಅಲ್ಲಿ ಹಾಗೆ ಮಾಡುವುದು ರೂಢಿಯಂತೆ.

ಅಲ್ಲಿಗೂ ಇಲ್ಲಿಗೂ ಮೂರೂವರೆ ಗಂಟೆ ವ್ಯತ್ಯಾಸ. ಕಳೆದು ನೋಡಿದೆ. ಇಲ್ಲಿ ಬರೆಯುವುದಿಲ್ಲ.

ಮಗಳ ಹೇಳಿಕೆ ಇತ್ತು. "ವರ್ಷಕ್ಕೊಂದು ದಿನ ತಂದೆಗೆ ಹಸಿವಾಗುತ್ತಿರಲಿಲ್ಲ. ಆ ದಿನವನ್ನು ಅವರು ಹಬ್ಬದಂತೆ ಕಾಯುತ್ತಿದ್ದರು. ಈ ಸಲ ಬೆಳಿಗ್ಗೆ ಒಳ್ಳೆಯ ಅಂಗಿ ಹಾಕಿಕೊಂಡು ಕೂತರು. ಮಧ್ಯಾಹ್ನವಾದ ಮೇಲೆ ಹಸಿವು ಅನ್ನತೊಡಗಿದರು. ಕೊಟ್ಟದ್ದನ್ನೆಲ್ಲ ತಿಂದರು. ಮತ್ತೆ ಹಸಿವು ಅಂದರು. ಯಾರೋ ಬರಬೇಕಾದವರು ಬಂದಿಲ್ಲ ಎನ್ನುವ ಹಾಗೆ ಬಾಗಿಲನ್ನೇ ನೋಡುತ್ತಿದ್ದರು. ಕೊನೆಯಲ್ಲಿ ಬಾಗಿಲು ತೆಗೆಯಿರಿ ಅಂದರು. ಅದು ಸಿನಿಮಾದಲ್ಲಿ ಅವರು ಆಡಿದ ಮೊದಲ ಮಾತು."

ಮುಂಚಿತವಾಗಿ ಬರೆದಿಟ್ಟ ಲೇಖನ ತೆಗೆದೆ. ಏಕವಚನವೆಲ್ಲ ಬಹುವಚನ ಮಾಡಿದೆ. ದಿನಾಂಕ ತುಂಬಿದೆ. ಒಂದೊಂದು ಇಸವಿಯನ್ನೂ ಪರಿಶೀಲಿಸಿದೆ. ಈ ಸಲ ಫೋಟೋ ಹಾಕಿದೆ, 1972ರದು.

7 ಅಕ್ಟೋಬರ್, ಮಂಗಳವಾರ

ಬೆಳಿಗ್ಗೆ ಗುಬ್ಬಿಯಿಂದ ತಿಮ್ಮೇಶ್ ಎಂಬ ಓದುಗರು ಫೋನ್ ಮಾಡಿದ್ದರಂತೆ, ವಿದೇಶಿ ಸಿನಿಮಾ ನೋಡುವ ಹವ್ಯಾಸದವರು. ಗುರುಪ್ರಕಾಶ್ ಪತ್ರಿಕೆ ಹಿಡಿದು ನನ್ನ ಮೇಜಿನ ಹತ್ತಿರ ಬಂದರು.

"ರವೀಶ್ ಸರ್, ನಿಮ್ಮ ಕಾಪೀಲಿ ಫಸ್ಟ್ ಟೈಮ್ ತಪ್ಪು ಸಿಕ್ಕಿದೆ, ಪಾರ್ಟಿ ಕೊಡ್ಸಿ" ಎಂದು ನಕ್ಕರು. "ಕೊನೇ ಸಾಲು ನೋಡಿ. ಮೃತರಿಗೆ ಓರ್ವ ಪುತ್ರಿ ಮತ್ತು ಓರ್ವ ಪುತ್ರ ಇದ್ದಾರೆ ಅಂತ ಹೋಗಿದೆ. ಅವರಿಗೆ ಮಗ ಇಲ್ವಂತೆ, ಒಬ್ಬಳೇ ಮಗಳಂತೆ. ನಾಳೆ ಎರಡನೇ ಪುಟದಲ್ಲಿ ತಿದ್ದುಪಡಿ ಹಾಕ್ಬಿಡಿ."

ಪತ್ರಿಕೆ ತೆಗೆದುಕೊಂಡು ಲೇಖನವನ್ನು ಮೊದಲಿನಿಂದ ಓದಿದೆ. ಹುಟ್ಟಿದ ಇಸವಿ ಸರಿ. ಚಿತ್ರಗಳ ಸಂಖ್ಯೆ ಸರಿ. 1991 ಸರಿ, 2003 ಸರಿ. ಕೊನೆಯ ಸಾಲನ್ನು ಎರಡು ಸಲ ಓದಿದೆ.

"ತಪ್ಪಿಲ್ಲ" ಎಂದೆ.

ಗುರುಪ್ರಕಾಶ್ ನನ್ನ ಮುಖ ನೋಡಿದರು, ಪತ್ರಿಕೆಯಲ್ಲಿದ್ದ ಫೋಟೋ ನೋಡಿದರು, ಮತ್ತೆ ನನ್ನ ಮುಖ ನೋಡಿದರು. ಪತ್ರಿಕೆಯನ್ನು ನನ್ನ ಬಳಿಯೇ ಬಿಟ್ಟು ತಮ್ಮ ಕೋಣೆಗೆ ಹೋದರು. ನಾನು ತಿದ್ದುಪಡಿ ಬರೆಯಲಿಲ್ಲ.

ಸಂಜೆ ಮನೆಗೆ ಬಂದಾಗ ಅವ್ವ ಮೂಲೆಯಲ್ಲಿ ನಿಂತು ಉಣ್ಣುತ್ತಿದ್ದರು. ಗಂಗಲಕ್ಷ್ಮಿಯೂ ಪಕ್ಕದಲ್ಲಿ ತಟ್ಟೆ ಎತ್ತಿ ಹಿಡಿದು ನಿಂತಿದ್ದಳು. ಕೈ ತೊಳೆದು ಬಂದು ನನ್ನ ತಟ್ಟೆ ತೆಗೆದುಕೊಂಡೆ. ನಾನೂ ನಿಂತೇ ಉಂಡೆ.